ಮೋಟ್ರು ನಂದೀಶನ ಸ್ವಇಚ್ಛೆ

ನಂದೀಶನಿಗೆ ಹದಿನೆಂಟು ತುಂಬಿ ಹದಿನಾರು ವರ್ಷವಾಗಿತ್ತು. ಈ ಸುದ್ದಿ ಅವನ ಮನೆಗೆ ಮಾತ್ರ ಇನ್ನೂ ತಲುಪಿರಲಿಲ್ಲ.

ಹಾಗಂತ ಅವನ ಮನೆಯೇನೂ ಕಾಡಿನಲ್ಲಿರಲಿಲ್ಲ. ನಾಗಸಂದ್ರ ಮೆಟ್ರೋ ಇಳಿದು, ಇಡ್ಲಿ ಗಾಡಿ ದಾಟಿ, ಲೇತ್ ಸದ್ದು ಬರುವ ಕಡೆಗೆ ನಡೆದರೆ ಸಿಗುವ ಹಳದಿ ಬಿಲ್ಡಿಂಗೇ ಅದು. ಅಪ್ಪ ಗೋಪಾಲಪ್ಪನ ರಾಗಿ ಹೊಲವೆಲ್ಲ ಪೀಣ್ಯದ ಕಾರ್ಖಾನೆಗಳ ಕೆಳಗೆ ಮಲಗಿತ್ತು. ಉಳಿದ ಚೂರು ಜಾಗದಲ್ಲಿ ಅವನು ರಾಗಿಯ ಬದಲು ರೂಮು ಬೆಳೆದ. ಬೆಳೆ ಚೆನ್ನಾಗಿ ಬಂತು. ಕೊಪ್ಪಳ, ಗದಗ, ಬಾಗಲಕೋಟೆ ಕಡೆಯಿಂದ ಕೆಲಸ ಹುಡುಕಿಕೊಂಡು ಬಂದವರೆಲ್ಲ ಆ ರೂಮುಗಳಲ್ಲಿ ತುಂಬಿಕೊಂಡರು. ನೆಲಮಹಡಿಯಲ್ಲಿ ಗೋಪಾಲಪ್ಪ, ಅವನ ಹೆಂಡತಿ ಪಿಳ್ಳಮ್ಮ, ಮತ್ತು ಅವರ ಮೂವತ್ತನಾಲ್ಕು ವರ್ಷದ 'ಮಗು'.

ಮಗುವಿಗೆ ಒಂದೇ ಕೆಲಸ. ಬೆಳಿಗ್ಗೆ ಸಂಜೆ ಮೋಟ್ರು ಆನ್ ಮಾಡುವುದು, ತೊಟ್ಟಿ ತುಂಬಿದ ಮೇಲೆ ಆಫ್ ಮಾಡುವುದು, ನಡುವೆ ಮಹಡಿಗೊಂದರಂತೆ ವಾಲ್ವ್ ತಿರುಗಿಸುವುದು. ಕೇಳಲು ಸುಲಭ. ಆದರೆ ಮೂರನೇ ಮಹಡಿಯ ವಾಲ್ವ್ ಅನ್ನು ನಂದೀಶ ಒಮ್ಮೆ ತಾನೇ ರಿಪೇರಿ ಮಾಡಿದ್ದ. ಅಂದಿನಿಂದ ಅದು ಮುಚ್ಚುವ ಕಡೆಗೆ ತಿರುಗಿಸಿದರೆ ತೆರೆಯುತ್ತಿತ್ತು, ಅದೂ ಒಂದು ಒದೆ ಕೊಟ್ಟರೆ ಮಾತ್ರ. ಎಲ್ಲಿ ಒದೆಯಬೇಕು ಎಂಬುದು ಜಗತ್ತಿನಲ್ಲಿ ಒಬ್ಬನಿಗೇ ಗೊತ್ತಿತ್ತು. ಆದ್ದರಿಂದ ಏರಿಯಾದಲ್ಲಿ ಅವನ ಹೆಸರು ಮೋಟ್ರು ನಂದೀಶ. ಮೋಟ್ರು ಗುಂಯ್ ಎನ್ನುವಾಗ ಅದನ್ನೇ ಬ್ಯಾಕ್‌ಗ್ರೌಂಡ್ ಮ್ಯೂಸಿಕ್ ಅಂದುಕೊಂಡು, ಪಂಪ್ ರೂಮಿನಲ್ಲಿ ಒಬ್ಬನೇ ನಿಂತು ಮಾಸ್ ಡೈಲಾಗ್ ಹೊಡೆಯುವುದು ಅವನ ಹವ್ಯಾಸ.

"ನನ್ ದಾರಿಗೆ ಅಡ್ಡ ಬಂದೋರು ಹೀರೋ ಆಗಿದ್ರೂ ಸರಿ, ಇಂಟರ್ವಲ್‌ಗೂ ಮುಂಚೆ ಮನೆಗೆ ಹೋಗ್ತಾರೆ!"

ಒಂದು ದಿನ ಈ ಡೈಲಾಗಿಗೆ ಬಾಗಿಲ ಕಡೆಯಿಂದ ಉತ್ತರ ಬಂತು.

"ಮನಿಗೆ ಹೋಗಾಕ ನಾವೂ ತಯಾರದೀವ್ರಿ. ಮನ್ಯಾಗ ನೀರೊಂದು ಬರವಲ್ದು."

ಖಾಲಿ ಕೊಡ ಹಿಡಿದು ನಿಂತಿದ್ದವಳು ಎರಡನೇ ಮಹಡಿಯ ದಾನೇಶ್ವರಿ. ಇಪ್ಪತ್ತಾರು ವರ್ಷ. ಪೀಣ್ಯದ ಒಂದು ಮಿಷನ್ ಪಾರ್ಟ್ಸ್ ಕಾರ್ಖಾನೆಯಲ್ಲಿ, ತಯಾರಾದ ಪಾರ್ಟು ಅಳತೆಗೆ ಸರಿಯಿದೆಯೋ ಇಲ್ಲವೋ ನೋಡಿ, ಇಲ್ಲದಿದ್ದರೆ ಕೆಂಪು ಡಬ್ಬಕ್ಕೆ ಎಸೆಯುವುದು ಅವಳ ಕೆಲಸ. ಅವಳು ನಂದೀಶನನ್ನು ಅದೇ ಕಣ್ಣಿನಿಂದ ಒಮ್ಮೆ ಮೇಲಿನಿಂದ ಕೆಳಗೆ ನೋಡಿದಳು. ಎಸೆಯಲಿಲ್ಲ. ನಕ್ಕಳು.

ಅಷ್ಟೇ. ಮರುದಿನದಿಂದ ಎರಡನೇ ಮಹಡಿಗೆ ಜಾಸ್ತಿ ಹೊತ್ತು ನೀರು. ಪ್ರೀತಿ ಶುರುವಾಗಿರುವುದು ಆ ಇಬ್ಬರಿಗೆ ಗೊತ್ತಾಗುವ ಮೊದಲೇ ನೀರು ಕಡಿಮೆಯಾದ ಒಂದನೇ ಮಹಡಿಗೆ ಗೊತ್ತಾಯಿತು. ಆದರೂ ವರ್ಷವೊಂದು ಹೀಗೇ ಹರಿಯಿತು. ಕೊನೆಗೆ ದಾನೇಶ್ವರಿಯೇ ಕೇಳಿದಳು: "ಏನ್ ಮಾಡೂದ್ರಿ ಮುಂದ? ನೀರ್ ಬಿಟ್ಕೋತನ ಕುಂದ್ರೂದೇನು?"

ಆ ರಾತ್ರಿ ನಂದೀಶ ಎದೆ ಉಬ್ಬಿಸಿ ಅಪ್ಪನ ಮುಂದೆ ಎಂಟ್ರಿ ಕೊಟ್ಟ. ಅಪ್ಪ ಮುದ್ದೆ ಮುರಿಯುತ್ತಿದ್ದ.

"ಅಪ್ಪಾ! ನಂಗೆ ಮೂವತ್ನಾಲ್ಕು. ಕಾನೂನು ಪ್ರಕಾರ ನನ್ ಲೈಫಿಗೆ ನಾನೇ ಹೀರೋ, ನಾನೇ ಡೈರೆಕ್ಟ್ರು..."

"ಮೋಟ್ರು ಆಫ್ ಮಾಡಿದ್ಯೇನ್ಲಾ?"

"ಮಾಡ್ದೆ. ಅಪ್ಪಾ, ನಾನು ದಾನೇಶ್ವರೀನ ಮದ್ವೆ ಆಗ್ತೀನಿ."

ಮುದ್ದೆ ಸಾರಿನಲ್ಲೇ ನಿಂತಿತು. ಪಿಳ್ಳಮ್ಮ ಒಳಗಿನಿಂದ ಕೇಳಿದಳು: "ಯಾವ್ ಜನವಂತೆ?"

"ಯಾವ್ ಜನ ಆದ್ರೇನು," ಎಂದ ಗೋಪಾಲಪ್ಪ. "ಬಾಡಿಗೆ ಕೊಡೋರು ಬಾಡಿಗೆ ಕೊಡ್ಲಿ. ಎಣ್ಣು ಕೊಡಾದು ಬ್ಯಾಡ."

"ಹಾಗಾದ್ರೆ ಈ ಮನೆ ಬಾಗಿಲು ದಾಟ್ತಾ ಇದೀನಿ! ಇನ್ನು ತಿರುಗಿ ನೋಡಲ್ಲ!"

ದಾಟಿದ. ಗೇಟಿನವರೆಗೂ ಹೋದ. ತಿರುಗಿ ಬಂದು ಮೊಬೈಲ್ ಚಾರ್ಜರ್ ತೆಗೆದುಕೊಂಡು ಮತ್ತೆ ದಾಟಿದ.

ಈಗ ರೂಮು ಹುಡುಕಬೇಕು. ಬೇರೆಯವರಿಗೆ ಇದು ಸಣ್ಣ ಕೆಲಸ. ಆದರೆ ಆ ಏರಿಯಾದಲ್ಲಿ ಬಿಲ್ಡಿಂಗ್ ಇರುವವರೆಲ್ಲ ಹಳೇ ಊರಿನವರು. ಹಳೇ ಊರಿನವರೆಲ್ಲ ಗೋಪಾಲಪ್ಪನ ಅಣ್ಣತಮ್ಮಂದಿರು, ಬೀಗರು, ಇಲ್ಲವೇ ಅವನ ಜೊತೆ ಮಾತು ಬಿಟ್ಟ ಅಣ್ಣತಮ್ಮಂದಿರು. ಚಿಕ್ಕಪ್ಪ ಶ್ಯಾಮಣ್ಣ 'ರೂಮು ಖಾಲಿ ಇದೆ' ಎಂಬ ಬೋರ್ಡಿನ ಕೆಳಗೇ ನಿಂತು ಹೇಳಿದ: "ರೂಮೆಲ್ಲಾ ಫುಲ್ಲು ಕಣ್ಲಾ ಮಗಾ."

"ಬೋರ್ಡ್ ಐತಲ್ಲ ಚಿಕ್ಕಪ್ಪ?"

"ಬೋರ್ಡೇ ಫುಲ್ಲು. ವೋಗ್, ನಿಮ್ಮಪ್ಪನ್ನ ಕೇಳು."

ಸೋದರತ್ತೆ ಗೌರಮ್ಮ ಕಾಫಿ ಕೊಟ್ಟಳು, ಚಕ್ಕುಲಿ ಕೊಟ್ಟಳು, ರೂಮು ಕೊಡಲಿಲ್ಲ. "ಬ್ಯಾಚುಲರ್ಸಿಗೆ ಕೊಡಲ್ಲ ಕಣಪ್ಪ."

"ಮದ್ವೆ ಆಗೋಕೇ ಅತ್ತೆ ರೂಮು!"

"ಆಗ್ಬುಟ್ ಬಾ. ಬರೋವಾಗ ನಿಮ್ಮಪ್ಪನ್ ಕೈಲಿ ಒಂದು ಮಾತು ಏಳ್ಸು."

ಅಪ್ಪನಿಂದ ಬಿಡುಗಡೆ ಪಡೆಯಲು ಅಪ್ಪನ ಶಿಫಾರಸು ಬೇಕು. ಕತ್ತಲಾಯಿತು. ಕೊನೆಗೆ ಕೈ ಹಿಡಿದವನು ಗಾರೆ ಕೆಲಸದ ಬಸಲಿಂಗ. "ನಾ ನಾಳೆ ಊರಿಗೆ ಹೊಂಟೀನ್ರಿ. ತಿಂಗಳ ಮಟ ನನ್ನ ರೂಮು ಖಾಲಿ. ಇರ್ರಿ."

ಬಸಲಿಂಗನ ರೂಮು ಇದ್ದದ್ದು ಹಳದಿ ಬಿಲ್ಡಿಂಗಿನ ಮೂರನೇ ಮಹಡಿಯಲ್ಲಿ.

ಹೀಗೆ ನಂದೀಶ ಅಪ್ಪನ ಮನೆ ಬಿಟ್ಟು ಅಪ್ಪನ ಮನೆಯ ನೆತ್ತಿಯ ಮೇಲೆ ಬಂದು ಕೂತ. ಮಂಡಿನೋವಿನ ಗೋಪಾಲಪ್ಪ ಮೆಟ್ಟಿಲು ಹತ್ತಿ ವರ್ಷಗಳೇ ಆಗಿದ್ದವು. ಆದ್ದರಿಂದ ಅಪ್ಪನ ಲೆಕ್ಕದಲ್ಲಿ ಮಗ ನಾಪತ್ತೆ. ಬಾಡಿಗೆದಾರರಿಗೆಲ್ಲ ಗೊತ್ತಿತ್ತು. ಯಾರೂ ಬಾಯಿ ಬಿಡಲಿಲ್ಲ. ಓನರ್ ಮಗ ಓನರ್ ವಿರುದ್ಧ ತಿರುಗಿಬಿದ್ದ ಸಿನಿಮಾಕ್ಕೆ ಅವರೆಲ್ಲ ಶಿಳ್ಳೆ ಹೊಡೆದರು.

ಶಿಳ್ಳೆ ನಿಂತದ್ದು ಮರುದಿನ ನೀರು ನಿಂತಾಗ.

ಗೋಪಾಲಪ್ಪ ಮೋಟ್ರು ಆನ್ ಮಾಡಿದ್ದ. ವಾಲ್ವುಗಳನ್ನು ತನಗೆ ತೋಚಿದಂತೆ ತಿರುಗಿಸಿದ್ದ. ನೀರು ಯಾವ ಮಹಡಿಗೂ ಹೋಗದೆ ನೇರ ಬೀದಿಗೆ ಹೋಯಿತು. ಇಡ್ಲಿ ಗಾಡಿಯವನು ತಟ್ಟೆ ತೊಳೆದುಕೊಂಡ. ಸಂಜೆಯ ಹೊತ್ತಿಗೆ ಬಾಡಿಗೆದಾರರ ನಿಯೋಗವೊಂದು ಕೊಡ ಬಕೆಟ್‌ಗಳ ಸಮೇತ ಬಸಲಿಂಗನ ರೂಮಿಗೆ ಬಂತು.

"ನಂದೀಶಣ್ಣ, ನಿಮ್ ಲವ್ವಿಗೆ ನಮ್ಮೆಲ್ಲಾರ್ದೂ ಸಪೋರ್ಟ್ ಐತ್ರಿ. ಒಂದೀಟು ಮೋಟ್ರು ಹಚ್ಚಿ ಬಂದು ಮುಂದುವರ್ಸ್ರಿ."

"ಇದು ಹೋರಾಟ!" ಎಂದ ನಂದೀಶ, ಕಿಟಕಿಯತ್ತ ಮುಖ ಮಾಡಿ. "ಹೋರಾಟಗಾರ ಗನ್ ಕೆಳಗಿಡಲ್ಲ!"

ನಿಯೋಗದ ಹಿಂದಿನಿಂದ ದಾನೇಶ್ವರಿಯ ದನಿ ಬಂತು. "ಗನ್ ಯಾರಿಗಿ ಬೇಕಾಗೇತ್ರಿ? ಮಂದಿ ಮಕ ತೊಕ್ಕೊಂಡಿಲ್ಲ. ಮೊದಲ ನೀರ್ ಬಿಡ್ರಿ."

ಹೋರಾಟಗಾರ ಗೋಡೆಯ ನೆರಳಿನಲ್ಲಿ ಇಳಿದು ಹೋಗಿ ವಾಲ್ವ್ ಒದ್ದು ಬಂದ. ನಲ್ಲಿಯಲ್ಲಿ ನೀರು ಬಂದದ್ದು ನೋಡಿ ಗೋಪಾಲಪ್ಪನ ಎದೆ ಝಲ್ಲೆಂದಿತು. ಮಗ ಇಲ್ಲ, ಮೋಟ್ರು ಮಾತ್ರ ನಡೆಯುತ್ತಿದೆ! ಮಗನಿಗೆ ಏನೋ ಆಗಿಯೇ ಹೋಗಿದೆ, ಅವನ ಆತ್ಮ ಪಂಪ್ ರೂಮು ಬಿಟ್ಟು ಹೋಗಲಾರದೆ ಸುತ್ತುತ್ತಿದೆ ಎಂದು ಅಂಜಿ, ಆಟೋ ಹಿಡಿದು ನೇರ ಪೊಲೀಸ್ ಸ್ಟೇಷನ್ನಿಗೆ ಹೋದ.

ಸಬ್ ಇನ್ಸ್‌ಪೆಕ್ಟರ್ ಮರೆಪ್ಪ ಮರುದಿನ ಬೆಳಿಗ್ಗೆ ವಿಚಾರಣೆಗೆ ಬಂದ. ಅಂಗಳದಲ್ಲಿ ಅವನಿಗೊಂದು ಪ್ಲಾಸ್ಟಿಕ್ ಕುರ್ಚಿ. ಮೂರೂ ಮಹಡಿಯ ಕಂಬಿಗಳ ಹಿಂದೆ ಜನ ಬಾಲ್ಕನಿ ಟಿಕೆಟ್ ತೆಗೆದುಕೊಂಡವರಂತೆ ನಿಂತರು.

"ಕಾಣೆಯಾದ ಮಗುಗೆ ವಯಸ್ಸೆಷ್ಟು?"

"ಮೂವತ್ನಾಲ್ಕು, ಸಾರ್."

ಮರೆಪ್ಪ ತಲೆ ಎತ್ತಿದ. "ನಾಲ್ಕೋ, ಮೂವತ್ನಾಲ್ಕೋ?"

"ಮೂವತ್ನಾಲ್ಕೇ. ಏನೂ ತಿಳಿಯಲ್ಲ ಸಾರ್ ಅದ್ಕೆ. ಒಬ್ನೇ ರೋಡ್ ದಾಟಲ್ಲ."

ಅಷ್ಟರಲ್ಲಿ ಮರೆಪ್ಪನ ಟೋಪಿಯ ಪಕ್ಕದಿಂದ ಒಂದು ಬುಟ್ಟಿ ಹಗ್ಗದಲ್ಲಿ ನೇತಾಡುತ್ತ ನಿಧಾನವಾಗಿ ಮೇಲಕ್ಕೆ ಹೋಯಿತು. ಬುಟ್ಟಿಯಲ್ಲಿ ಸ್ಟೀಲ್ ಕ್ಯಾರಿಯರ್. ಕ್ಯಾರಿಯರಿನಿಂದ ಬಸ್ಸಾರಿನ ವಾಸನೆ.

"ಏನ್ರಮ್ಮಾ ಅದು?"

"ಮಗೀಗೆ ಊಟ," ಎಂದಳು ಬುಟ್ಟಿಯ ಪಕ್ಕ ನಿಂತಿದ್ದ ಪಿಳ್ಳಮ್ಮ.

"ಯಾವ್ ಮಗು?"

"ಇದೇ. ಕಾಣೆಯಾಗಿರೋ ಮಗೀಗೆ."

ಗೋಪಾಲಪ್ಪ ಹೆಂಡತಿಯ ಕಡೆ ತಿರುಗಿದ. "ನಿಂಗೆ ಗೊತ್ತಿತ್ತಾ? ಯಾಕೆ ಏಳ್ಲಿಲ್ಲ?"

"ನೀವು ಪೊಲೀಸ್ನೋರನ್ನ ಕೇಳಿದ್ರಿ. ನನ್ನೆಲ್ಲಿ ಕೇಳಿದ್ರಿ?"

ಮೂರನೇ ಮಹಡಿಯಲ್ಲಿ ಹಗ್ಗ ಎಳೆಯುತ್ತಿದ್ದ ಎರಡು ಕೈಗಳು ಅಲ್ಲೇ ನಿಂತವು. ಬುಟ್ಟಿ ಎರಡನೇ ಮಹಡಿಯ ಎದುರು ತಿರುಗುತ್ತ ಉಳಿಯಿತು. ಕಂಬಿಗೆ ಒರಗಿ ನಿಂತಿದ್ದ ದಾನೇಶ್ವರಿ ಆ ಕ್ಯಾರಿಯರನ್ನೇ ನೋಡಿದಳು. ಒಂದು ಪಾರ್ಟು ಅಳತೆಗೆ ಕೂದಲೆಳೆಯಷ್ಟು ಹೆಚ್ಚುಕಡಿಮೆ ಅನ್ನಿಸಿದಾಗ ನೋಡುತ್ತಾರಲ್ಲ, ಹಾಗೆ.

"ಕಾಣೆಯಾದವ್ನೇ, ಕೆಳಗಿಳಿ!" ಎಂದು ಕೂಗಿದ ಮರೆಪ್ಪ.

ಕಾಣೆಯಾದವನು ಇಳಿದು ಬಂದ. ಅವನ ಹಿಂದೆ ದಾನೇಶ್ವರಿ, ಅವಳ ಅಪ್ಪ ಭರಮಪ್ಪ, ಅವ್ವ ದುರ್ಗವ್ವ. ಗೋಪಾಲಪ್ಪ ತಕ್ಷಣ ದೂರು ಬದಲಿಸಿದ. ಕಾಣೆ ಹೋಗಿ ಅಪಹರಣವಾಯಿತು. "ಈವಮ್ಮ ನನ್ ಮಗನ್ನ ಆರಿಸ್ಕಂಡೋಗವ್ಳೆ ಸಾರ್!"

"ಎಲ್ಲಿಗ್ರೀ? ನಿಮ್ಮನೆ ಮಾಳಿಗೆಗಾ?" ಎಂದ ಮರೆಪ್ಪ.

ಬಾಲ್ಕನಿ ನಕ್ಕಿತು. ಭರಮಪ್ಪ ನಗಲಿಲ್ಲ. "ಸಾಹೇಬ್ರ, ನಮಗೂ ಈ ಸಂಬಂಧ ಬ್ಯಾಡ್ರಿ. ನಮ್ಮ ಮಂದ್ಯಾಗ ಗಂಡಿಗೆ ಬರ ಬಂದೈತೇನ್ರಿ? ಮೋಟ್ರು ಹಚ್ಚಾಂವಾ ಬೇಕಾತೇನವ್ವಾ ನಿನಗ?"

ಗೋಪಾಲಪ್ಪನಿಗೆ ರೇಗಿತು. "ಏನಯ್ಯಾ, ನನ್ ಮಗುಂಗೇನ್ ಕಮ್ಮಿ?" ಸಂಬಂಧ ಬೇಡವೆಂದು ಇಬ್ಬರು ಅಪ್ಪಂದಿರೂ ಒಪ್ಪಿದ್ದರು. ಆದರೂ ಯಾರು ಮೊದಲು ಬೇಡ ಎಂದದ್ದು ಎಂಬ ಬಗ್ಗೆ ಜಗಳವಾಯಿತು. ಮರೆಪ್ಪ ಲಾಠಿಯಿಂದ ಕುರ್ಚಿ ಕುಟ್ಟಿ ನಿಲ್ಲಿಸಿದ.

"ನೋಡಿ, ಇಬ್ರಿಗೂ ವಯಸ್ಸಾಗಿದೆ. ಅವರಿಷ್ಟ ಅವರ್ದು. ಅಪ್ಪ ಆಗ್ಲಿ, ಅಮ್ಮ ಆಗ್ಲಿ, ನಾನಾಗ್ಲಿ, ಯಾರೂ ತಡೆಯಂಗಿಲ್ಲ. ನೀನ್ ಹೇಳಮ್ಮ."

ದಾನೇಶ್ವರಿ ಅಪ್ಪನ ಮುಖ ನೋಡಿಕೊಂಡೇ ಹೇಳಿದಳು. "ನನಗ ಇಪ್ಪತ್ತಾರ್ರಿ. ದುಡೀತೀನಿ. ಇವರನ್ನ ಮದುವಿ ಆಗಬೇಕಂತ ನಾನ ಅನ್ಕೊಂಡೀನಿ, ಯಾರೂ ಹೇಳಿಲ್ಲ. ಅಪ್ಪಾ, ನಿನಗ ಸಿಟ್ಟು ಬಂದ್ರ ಬರ್ಲಿ. ಸಿಟ್ಟು ಇಳದ ಮ್ಯಾಲ ಮನಿಗಿ ಬಾ."

ಭರಮಪ್ಪ ಟವೆಲ್ಲಿನಿಂದ ಮುಖ ಒರೆಸಿಕೊಂಡ. ದುರ್ಗವ್ವ ಅತ್ತಳು. ಆದರೆ ಮಗಳ ಕೈ ಬಿಡಲಿಲ್ಲ.

"ಈಗ ನೀನು."

ನಂದೀಶ ಕಾಲರ್ ಸರಿಮಾಡಿಕೊಂಡ. ಇದು ಅವನು ಪಂಪ್ ರೂಮಿನಲ್ಲಿ ವರ್ಷವೆಲ್ಲ ರಿಹರ್ಸಲ್ ಮಾಡಿದ್ದ ಸೀನು. "ಪ್ರೀತಿಗೆ ಗೋಡೆ ಕಟ್ಟೋರು ಒಂದು ತಿಳ್ಕೊಳ್ಳಿ! ಗೋಡೆಗೆ ಇಟ್ಟಿಗೆ ಬೇಕು, ಈ ಎದೆಗೆ..."

"ಲೇ, ಡೈಲಾಗ್ ಬೇಡ. 'ಯಾರ ಬಲವಂತವೂ ಇಲ್ಲದೆ, ಸ್ವಇಚ್ಛೆಯಿಂದ' ಅನ್ನು. ಅಷ್ಟೇ ಸಾಕು."

"ಯಾರ ಬಲವಂತವೂ ಇಲ್ಲದೆ," ಎಂದ ನಂದೀಶ. ಅಮ್ಮನ ಕಡೆ ಒಮ್ಮೆ ನೋಡಿದ. "ಸ್ವಇಚ್ಛೆಯಿಂದ, ಸಾರ್."

ಬಾಲ್ಕನಿಯಿಂದ ಶಿಳ್ಳೆ. ಮರೆಪ್ಪ ಎದ್ದ. "ಗುಡೀಲಿ ಆಗಿ, ಆಮೇಲೆ ರಿಜಿಸ್ಟ್ರು ಮಾಡಿಸ್ಕೊಳ್ಳಿ. ಪೂಜಾರಿ ವಯಸ್ಸಿನ ಪ್ರೂಫ್ ಕೇಳ್ತಾರೆ, ಮಾರ್ಕ್ಸ್ ಕಾರ್ಡ್ ಇಟ್ಕೊಂಡಿರಿ."

ಗೋಪಾಲಪ್ಪ ಬಹಳ ಮೆತ್ತಗೆ ಕೇಳಿದ: "ಸಾರ್, ಅವನಿಷ್ಟ ಅವಂದು. ಒಪ್ದೆ. ಈ ಮನೆ ನಂದಲ್ವಾ?"

"ನಿಮ್ದೇ."

"ಭರಮಪ್ಪ, ತಿಂಗ್ಳು ಮುಗಿಯೋವತ್ಗೆ ರೂಮ್ ಖಾಲಿ ಮಾಡ್ಬುಡಿ."

ಮರೆಪ್ಪ ಬೈಕ್ ಸ್ಟಾರ್ಟ್ ಮಾಡಿದ. ಓನರ್ ಬಾಡಿಗೆದಾರರ ವಿಷಯ ಅವನ ಲಾಠಿಗೆ ಬರುತ್ತಿರಲಿಲ್ಲ. ಶಿಳ್ಳೆ ಹೊಡೆದವರು ತಮ್ಮ ತಮ್ಮ ಬಾಗಿಲು ಹಾಕಿಕೊಂಡರು, ಮೆಲ್ಲಗೆ, ಓನರಿಗೆ ಕೇಳಿಸದಂತೆ. ನಂದೀಶ ಬಾಯಿ ತೆರೆದ. ಇಂಥ ಸೀನಿಗೆ ಅವನ ಹತ್ತಿರ ಡೈಲಾಗ್ ಇರಲಿಲ್ಲ.

"ಬಿಡ್ತೀವ್ರಿ," ಎಂದಳು ದಾನೇಶ್ವರಿ. "ರೂಮು ಬ್ಯಾರೆ ಕಡೆ ಸಿಗ್ತಾವು."

ಶುಕ್ರವಾರ ಬೆಳಿಗ್ಗೆ ಮುಹೂರ್ತ. ಗಲ್ಲಿ ಆಚೆಯ ಗಣಪತಿ ಗುಡಿ. ದಾನೇಶ್ವರಿ ರಜೆ ಹಾಕಿ, ಇಳಕಲ್ ಸೀರೆ ಉಟ್ಟು, ಅವ್ವನ ಜೊತೆ ಮೊದಲೇ ಹೋಗಿದ್ದಳು. ಭರಮಪ್ಪ ಬರುವುದಿಲ್ಲ ಎಂದಿದ್ದವನು ಗುಡಿಯ ಆಚೆ ಬದಿಯ ಟೀ ಅಂಗಡಿಯಲ್ಲಿ ಕೂತಿದ್ದ. ನಂದೀಶನಿಗೆ ಒಂದೇ ಕೆಲಸ ಉಳಿದಿತ್ತು. ಮಾರ್ಕ್ಸ್ ಕಾರ್ಡ್. ಅವನು ದೊಡ್ಡವನಾಗಿದ್ದಾನೆ ಎಂದು ಹೇಳುವ ಆ ಒಂದೇ ಕಾಗದ ಅಪ್ಪನ ಬೀರುವಿನಲ್ಲಿತ್ತು. ಬೀರುವಿನ ಕೀ ಅಮ್ಮನ ಸೊಂಟದಲ್ಲಿತ್ತು.

ಅವನು ಯುದ್ಧಕ್ಕೆ ತಯಾರಾಗಿಯೇ ಒಳಗೆ ಹೋದ. "ಬೀರು ಒಡೆದಾದ್ರೂ ಸರಿ..."

ಪಿಳ್ಳಮ್ಮ ಕೀ ಬಿಚ್ಚಿ, ಬೀರು ತೆರೆದು, ಮಾರ್ಕ್ಸ್ ಕಾರ್ಡ್ ತಂದು ಅವನ ಕೈಗೆ ಕೊಟ್ಟಳು.

"ತಕ. ಒಂದ್ ತುತ್ತು ಉಂಡ್ಕಂಡ್ ವೋಗು. ಮದ್ವೆ ಗಂಡು ಅಸ್ಕಂಡು ವೋಗ್ಬಾರ್ದು."

ಹೊಡೆಯಲು ಎತ್ತಿದ ಕೈ ಹೊಡೆತಕ್ಕೆ ಯಾರೂ ಸಿಗದೆ ತಟ್ಟೆಗೆ ಇಳಿಯಿತು. ಶ್ಯಾಮಣ್ಣ, ಗೌರಮ್ಮ ಮೊದಲೇ ಬಂದು, ಯಾರೋ ಸತ್ತ ಮನೆಯಲ್ಲಿ ಕೂತಂತೆ ಗೋಡೆಗೊರಗಿ ಕೂತಿದ್ದರು.

"ನಾವ್ಯಾರೂ ಬ್ಯಾಡ ಅನ್ನಲ್ಲಪ್ಪ," ಎಂದಳು ಗೌರಮ್ಮ. "ಕಾನೂನೈತೆ. ನಿಮ್ಮವ್ವುಂಗೆ ಬಿಪಿ ಐತೆ. ಎರಡೂ ಐತೆ."

"ನಾನಿರೋಗಂಟ ನನ್ನ ನೋಡ್ಕಂಡ್ರೆ ಸಾಕು," ಎಂದು ಪಿಳ್ಳಮ್ಮ ಇನ್ನೊಂದು ಸೌಟು ಸಾರು ಹಾಕಿದಳು. ಒಂದು ಹನಿಯೂ ಚೆಲ್ಲಲಿಲ್ಲ.

ನಂದೀಶ ಕೈ ತೊಳೆದು ಎದ್ದ. ಕಾರ್ಡ್ ಜೇಬಿಗೆ ಇಟ್ಟ. ಬಾಗಿಲು ತೆರೆದೇ ಇತ್ತು. ಆಗ ಗೋಪಾಲಪ್ಪ, ಪೇಪರಿನಿಂದ ತಲೆ ಎತ್ತದೆ ಹೇಳಿದ:

"ಮೋಟ್ರಿಗೆ ಬ್ಯಾರೆಯೋನ್ನ ಏಳಿವ್ನಿ."

ನಂದೀಶ ನಿಂತ. "ಯಾರ್ನ?"

"ಯಾರೋ ಒಬ್ಬ. ಬತ್ತಾನೆ."

"ಮೂರನೇ ವಾಲ್ವ್ ಅವನಿಗೆ ಗೊತ್ತಾಗಲ್ಲ ಅಪ್ಪಾ. ಒದೀಬೇಕು."

"ಅಂಗಾರೆ ಕಲ್ಸ್‌ಬುಟ್ ವೋಗು. ಬರೋಗಂಟ ಕುಂತ್ಕ. ನಿನ್ನಿಷ್ಟ."

ನಂದೀಶ ಕುಂತ. ಐದು ನಿಮಿಷ ಅಂದುಕೊಂಡೇ ಕುಂತ. ತಾನಿಲ್ಲದೆ ಮೋಟ್ರು ಓಡುವುದನ್ನು ಅವನು ಯಾವ ಸಿನಿಮಾದಲ್ಲೂ ಊಹಿಸಿರಲಿಲ್ಲ. ಹೊಸಬ ಬರಲಿಲ್ಲ. ಗೌರಮ್ಮ ಕಾಫಿ ಕೊಟ್ಟಳು. ಫ್ಯಾನ್ ತಿರುಗಿತು. ಮುಹೂರ್ತ ಮುಗಿಯುವ ಹೊತ್ತಿಗೆ ಫೋನ್ ಬಂತು.

"ಎಲ್ಲದೀರಿ?"

"ಮನೇಲಿ. ಒಂಚೂರು... ಅಮ್ಮಂಗೆ ಬಿಪಿ. ಮೋಟ್ರಿಗೆ ಹೊಸಬ ಬರ್ತಾನಂತೆ, ವಾಲ್ವ್ ತೋರಿಸಿ ಬಂದ್ಬಿಡ್ತೀನಿ. ಮುಂದಿನ ಮುಹೂರ್ತ ಯಾವಾಗ ಕೇಳ್ತೀಯಾ?"

ಆ ಕಡೆ ಗುಡಿಯ ಗಂಟೆ ಕೇಳಿಸಿತು.

"ಯಾರರ ಬಾಗಲಾ ಹಾಕ್ಯಾರೇನ್ರಿ?"

"ಇಲ್ಲ."

"ಕೈ ಕಾಲು ಕಟ್ಯಾರೇನು?"

"ಇಲ್ಲ."

"ಕಾರ್ಡ್ ಕೊಟ್ಟಿಲ್ಲೇನು?"

ನಂದೀಶ ಜೇಬು ಮುಟ್ಟಿ ನೋಡಿಕೊಂಡ. "ಕೊಟ್ಟಿದಾರೆ."

"ಹಂಗಾರ ನಿಮ್ಮ ಸ್ವಇಚ್ಛೆಯಿಂದನ ಕುಂತೀರಿ," ಎಂದಳು ದಾನೇಶ್ವರಿ. "ಕುಂದರ್ರಿ."

ಟೀ ಅಂಗಡಿಯಿಂದ ಭರಮಪ್ಪ ಎದ್ದು ಬಂದು ಗುಡಿಯ ಮುಂದೆ ಮಗಳ ಚಪ್ಪಲಿ ಹುಡುಕಿ ಕೊಟ್ಟನಂತೆ. ಮರುದಿನ ಅವಳು ಎಂದಿನಂತೆ ಕೆಲಸಕ್ಕೆ ಹೋದಳು.

ತಿಂಗಳ ಕೊನೆಗೆ ಒಂದು ಗೂಡ್ಸ್ ಆಟೋ ಬಂತು. ಒಂದು ಗ್ಯಾಸ್ ಸ್ಟೌವು, ಎರಡು ಟ್ರಂಕು, ಒಂದು ಕೊಡ. ಸಾಮಾನು ಏರಿಸುವುದು ಮುಗಿದ ಮೇಲೆ ದಾನೇಶ್ವರಿ ಪಂಪ್ ರೂಮಿಗೆ ಬಂದು ರೂಮಿನ ಕೀಲಿಯನ್ನು ನಂದೀಶನ ಮುಂದೆ ಹಿಡಿದಳು. ಮೋಟ್ರು ಗುಂಯ್ ಎನ್ನುತ್ತಿತ್ತು. ಬ್ಯಾಕ್‌ಗ್ರೌಂಡ್ ಮ್ಯೂಸಿಕ್ ರೆಡಿ ಇತ್ತು.

"ದಾನೂ, ಈ ಜನ್ಮದಲ್ಲಿ..."

"ಡೈಲಾಗ್ ಬ್ಯಾಡ್ರಿ. ಮೂರನೇ ಮಾಳಿಗಿಗೆ ನೀರ್ ಬಿಡ್ರಿ, ಮಂದಿ ಕಾಯಾಕ್ಹತ್ಯಾರ."

ಆಟೋ ಹೋಯಿತು. ಮೋಟ್ರಿಗೆ ಹೇಳಿದ್ದ ಹೊಸಬ ಆ ತಿಂಗಳೆಲ್ಲ ಬಂದಿರಲಿಲ್ಲ. ಯಾರೂ ಅವನ ಸುದ್ದಿ ಎತ್ತಲೂ ಇಲ್ಲ.

ಸಂಜೆ ಗೋಪಾಲಪ್ಪ 'ರೂಮು ಖಾಲಿ ಇದೆ' ಬೋರ್ಡಿನ ಧೂಳು ಒರೆಸಿ, ಮೊಳೆ ಸುತ್ತಿಗೆ ಜೊತೆಗೆ ಮಗನ ಮುಂದಿಟ್ಟ.

"ನಿಂಗಿಷ್ಟ ಇದ್ರೆ ಆಕು. ಇಲ್ದಿದ್ರೆ ನಾನೇ ಎಂಗೋ ಮಂಡಿ ಇಡ್ಕಂಡು ಅತ್ತೀನಿ. ಬಲವಂತ ಇಲ್ಲಪ್ಪ."

ನಂದೀಶ ಎರಡನೇ ಮಹಡಿಗೆ ಹತ್ತಿದ. ಆ ಬಾಗಿಲ ಪಕ್ಕದಲ್ಲಿ, ಕೊಡ ಇಟ್ಟೂ ಇಟ್ಟೂ ನೆಲದ ಮೇಲೆ ಒಂದು ದುಂಡನೆಯ ಗುರುತು ಬಿದ್ದಿತ್ತು. ಅದನ್ನು ತುಳಿಯದಂತೆ ಪಕ್ಕಕ್ಕೆ ನಿಂತು ಮೊಳೆ ಹೊಡೆದ. ಬೋರ್ಡ್ ನೇತುಹಾಕಿದ. ವಾಲಿದೆ ಅನ್ನಿಸಿತು. ಒಂದು ಹೆಜ್ಜೆ ಹಿಂದೆ ಸರಿದು, ಒಂದು ಕಣ್ಣು ಮುಚ್ಚಿ ಅಳತೆ ನೋಡಿ, ನೆಟ್ಟಗೆ ಮಾಡಿದ.

ಯಾರ ಬಲವಂತವೂ ಇರಲಿಲ್ಲ.

ಮೇಲೆ ತೊಟ್ಟಿ ತುಂಬಿ ನೀರು ಮೆಟ್ಟಿಲ ಮೇಲೆ ಇಳಿಯತೊಡಗಿತ್ತು. ಕೆಳಗಿನಿಂದ ಪಿಳ್ಳಮ್ಮನ ಕೂಗು ಬಂತು: "ಮೋಟ್ರು ಆಫ್ ಮಾಡು ಮಗಾ!"

"ಬಂದೆ ಅಮ್ಮಾ," ಎಂದ ಮಗು.